ಮಹಾಮಾರಿಯ ನಂತರ ಕೂಲಿ ಯಾರ ಕೈಗೆ?

1347ರ ಅಕ್ಟೋಬರ್‌ನಲ್ಲಿ ಕಪ್ಪು ಸಮುದ್ರದ ಕಡೆಯಿಂದ ಬಂದ ಜಿನೋವಾದ ವ್ಯಾಪಾರಿ ಹಡಗುಗಳು ಸಿಸಿಲಿಯ ಮೆಸ್ಸಿನಾ ಬಂದರು ಸೇರಿದಾಗ ಅವುಗಳೊಡನೆ ಪ್ಲೇಗ್ ಕೂಡ ದಡಕ್ಕಿಳಿಯಿತು. ಮುಂದಿನ ಕೆಲವೇ ವರ್ಷಗಳಲ್ಲಿ ಯುರೋಪಿನ ಜನರಲ್ಲಿ ಮೂರನೆಯ ಒಂದು ಭಾಗದಿಂದ ಅರ್ಧದಷ್ಟು ಮಂದಿ ಸತ್ತರೆಂದು ಇತಿಹಾಸಕಾರರು ಅಂದಾಜಿಸುತ್ತಾರೆ. ಸೋಂಕು ತಗುಲಿದ ಚಿಗಟದ ಅನ್ನದ ಹಾದಿಯನ್ನು ಪ್ಲೇಗ್ ತರುವ ಯೆರ್ಸಿನಿಯಾ ಪೆಸ್ಟಿಸ್ ಎಂಬ ಬ್ಯಾಕ್ಟೀರಿಯಾ ಗಡ್ಡೆಗಟ್ಟಿ ಮುಚ್ಚಿಬಿಡುತ್ತದೆ. ಎಷ್ಟು ರಕ್ತ ಹೀರಿದರೂ ಹಸಿವು ಇಂಗದ ಆ ಕೀಟ ಮತ್ತೆ ಮತ್ತೆ ಕಚ್ಚುತ್ತ, ಕಚ್ಚಿದ ಗಾಯದೊಳಕ್ಕೆ ರೋಗಾಣುಗಳನ್ನು ಕಕ್ಕುತ್ತದೆ.

ಇದು ಅಂದಿನವರಿಗೆ ತಿಳಿದಿರಲಿಲ್ಲ. ಅಲೆಕ್ಸಾಂಡರ್ ಯೆರ್ಸಿನ್ ಹಾಂಗ್‌ಕಾಂಗ್‌ನಲ್ಲಿ ಈ ರೋಗಾಣುವನ್ನು ಗುರುತಿಸಿದ್ದು 1894ರಲ್ಲಿ. ಕಾರಣ ಕಾಣದ ಜನ ಬಾವಿಗೆ ವಿಷ ಹಾಕಿದರೆಂದು ಯಹೂದಿಗಳ ಮೇಲೆ ಎರಗಿದರು. ಅವರೂ ಇದೇ ರೋಗದಿಂದ ಸಾಯುತ್ತಿದ್ದಾರೆಂದು ಪೋಪ್ ಆರನೆಯ ಕ್ಲೆಮೆಂಟ್ 1348ರಲ್ಲೇ ಸಾರಿದ್ದರೂ, 1349ರ ಫೆಬ್ರುವರಿಯಲ್ಲಿ ಸ್ಟ್ರಾಸ್‌ಬರ್ಗ್ ನಗರದಲ್ಲಿ ನೂರಾರು ಯಹೂದಿಗಳನ್ನು ಸುಟ್ಟು ಕೊಂದರು. ಆ ವೇಳೆಗೆ ಪ್ಲೇಗ್ ಆ ಊರಿಗೆ ಇನ್ನೂ ಕಾಲಿಟ್ಟಿರಲಿಲ್ಲ ಎಂಬುದು ಮನಸ್ಸನ್ನು ಕಲಕುತ್ತದೆ.

ಬದುಕುಳಿದ ಬಡವರಿಗೆ ಮಾತ್ರ, ಅವರು ಎಂದೂ ಕಂಡಿರದ ಒಂದು ಬಲ ಒದಗಿತ್ತು. ಹೊಲಗಳು ಇದ್ದಷ್ಟೇ ಇದ್ದವು, ದುಡಿಯುವ ಕೈಗಳು ಕಡಿಮೆಯಾಗಿದ್ದವು. ಹೀಗಾಗಿ ಕೂಲಿಯವರು ಹೆಚ್ಚು ಕೇಳಿದರು, ಕೊಡದ ಒಡೆಯನನ್ನು ಬಿಟ್ಟು ಕೊಡುವವನ ಬಳಿಗೆ ಹೋದರು. ಇಂಗ್ಲೆಂಡಿನ ಭೂಮಾಲೀಕರು ಇದನ್ನು ಸಹಿಸಲಿಲ್ಲ. 1351ರ ಶಾಸನವು ಕೂಲಿಯನ್ನು ಪಿಡುಗಿನ ಹಿಂದಿನ ಮಟ್ಟಕ್ಕೆ ಕಟ್ಟಿಹಾಕಿ, ಹುಲ್ಲು ಒಣಗಿಸುವವರಿಗೆ ದಿನಕ್ಕೆ ಒಂದು ಪೆನ್ನಿ, ಹುಲ್ಲು ಕೊಯ್ಯುವವರಿಗೆ ಐದು ಪೆನ್ನಿ ಎಂದು ನಿಗದಿ ಮಾಡಿತು. ಕೆಲಸಗಾರರು ತಮ್ಮ ಸಲಕರಣೆಗಳನ್ನು ಎಲ್ಲರಿಗೂ ಕಾಣುವಂತೆ ಕೈಯಲ್ಲಿ ಹಿಡಿದು ಪೇಟೆಗೆ ಬರಬೇಕು, ಗುಟ್ಟಾಗಿ ಕೂಲಿ ಮಾತಾಡಿಕೊಳ್ಳಬಾರದು ಎಂದೂ ಅದು ವಿಧಿಸಿತು. ಇಷ್ಟು ಸಣ್ಣ ವಿವರಕ್ಕೂ ಕಾನೂನು ಬೇಕಾಯಿತೆಂದರೆ, ಗುಟ್ಟಿನ ಚೌಕಾಸಿ ಎಲ್ಲೆಡೆ ನಡೆಯುತ್ತಿತ್ತೆಂದೇ ನನ್ನ ಭಾವನೆ. ಶಾಸನದ ಹೊರತಾಗಿಯೂ ಕೂಲಿ ಏರಿತು. ಅದುಮಿಟ್ಟ ಸಿಟ್ಟು, ಹೊಸ ತಲೆಗಂದಾಯವೂ ಸೇರಿ, 1381ರಲ್ಲಿ ರೈತರ ದಂಗೆಯಾಗಿ ಸಿಡಿಯಿತು. ದಂಗೆಯನ್ನು ಹತ್ತಿಕ್ಕಿದರೂ, ರೈತರನ್ನು ಒಡೆಯನ ನೆಲಕ್ಕೆ ಕಟ್ಟಿಹಾಕುತ್ತಿದ್ದ ಜೀತಪದ್ಧತಿ ಅಲ್ಲಿ ಮುಂದಿನ ನೂರು ವರ್ಷಗಳಲ್ಲಿ ಬಹುಮಟ್ಟಿಗೆ ಕರಗಿತು.

ಹಾಗೆಂದು ಪ್ಲೇಗ್ ಬಡವರನ್ನು ಬಿಡಿಸಿತು ಎನ್ನುವ ಮಾತನ್ನು ನಾನು ಒಪ್ಪಲಾರೆ. ಜರ್ಮನಿಯಲ್ಲಿ ಹರಿಯುವ ಎಲ್ಬೆ ನದಿಯ ಪೂರ್ವಕ್ಕೆ, ಪಟ್ಟಣಗಳು ದುರ್ಬಲವಾಗಿ ಒಡೆಯರು ಪ್ರಬಲರಾಗಿದ್ದ ಸೀಮೆಗಳಲ್ಲಿ, ಆಳುಗಳ ಅಭಾವವೇ ರೈತರನ್ನು ನೆಲಕ್ಕೆ ಬಿಗಿಯಲು ನೆಪವಾಯಿತು. ಧಾನ್ಯದ ರಫ್ತು ಬೆಳೆದಂತೆ ಆ ಬಿಗಿ ಇನ್ನಷ್ಟು ಹೆಚ್ಚಿತು. ಪ್ರಷ್ಯಾದಲ್ಲಿ ಅದನ್ನು ರದ್ದುಮಾಡುವ ರಾಜಾಜ್ಞೆ ಹೊರಟದ್ದು 1807ರಲ್ಲಿ, ರಷ್ಯಾದಲ್ಲಿ 1861ರಲ್ಲಿ.