ಆರ್ಕ್ಟಿಕ್ ತಣ್ಣಗಿರೋವರೆಗೆ

1958ರಲ್ಲಿ ಬಂದ ‘ದಿ ಬ್ಲಾಬ್’ ಸಿನಿಮಾದ ಕೊನೆಯಲ್ಲಿ ರಾಕ್ಷಸ ಸಾಯುವುದಿಲ್ಲ. ಅದನ್ನು ಸಾಯಿಸುವುದು ಹೇಗೆ ಅಂತ ಯಾರಿಗೂ ಗೊತ್ತಾಗುವುದೇ ಇಲ್ಲ. ಹೆಪ್ಪುಗಟ್ಟಿಸಿ, ಆರ್ಕ್ಟಿಕ್‌ಗೆ ಸಾಗಿಸಿ ಬಿಡೋಣ ಎಂದು ತೀರ್ಮಾನವಾಗುತ್ತದೆ. ಅಂತೂ ತಡೆದು ನಿಲ್ಲಿಸಿದೆವಲ್ಲ ಎಂದು ಪೊಲೀಸ್ ಅಧಿಕಾರಿ ನಿಟ್ಟುಸಿರು ಬಿಡುತ್ತಾನೆ. ಹೀರೋ ಸ್ಟೀವ್ ಮೆಕ್ವೀನ್ ಒಂದೇ ಸಾಲು ಸೇರಿಸುತ್ತಾನೆ: ಹೌದು, ಆರ್ಕ್ಟಿಕ್ ತಣ್ಣಗಿರೋವರೆಗೆ. ಆಮೇಲೆ ವಿಮಾನದಿಂದ ಒಂದು ಪೆಟ್ಟಿಗೆ ಪ್ಯಾರಾಚೂಟಿನಲ್ಲಿ ಹಿಮದ ಮೇಲೆ ಇಳಿಯುತ್ತದೆ. ಪರದೆಯ ಮೇಲೆ ‘ಮುಕ್ತಾಯ’ ಎಂಬ ಅಕ್ಷರಗಳು ಮೂಡಿ, ಪ್ರಶ್ನಾರ್ಥಕ ಚಿಹ್ನೆಯಾಗಿ ಬದಲಾಗುತ್ತವೆ.

ಸಿನಿಮಾ ನೋಡದವರಿಗೆ ಕತೆ ಇಷ್ಟೇ. ಪೆನ್ಸಿಲ್ವೇನಿಯಾದ ಒಂದು ಸಣ್ಣ ಊರಿನ ಹತ್ತಿರ ಉಲ್ಕೆ ಬೀಳುತ್ತದೆ. ಒಬ್ಬ ಮುದುಕ ಅದನ್ನು ಕೋಲಿನಿಂದ ಕೆದಕುತ್ತಾನೆ. ಒಳಗಿದ್ದ ಲೋಳೆ, ಅದೇ ಬ್ಲಾಬ್, ಅವನ ಕೈಗೆ ಅಂಟಿಕೊಳ್ಳುತ್ತದೆ, ಅವನನ್ನೇ ಕರಗಿಸಿಕೊಂಡು ಬೆಳೆಯುತ್ತದೆ. ಆಸಿಡ್, ಗುಂಡು ಯಾವುದೂ ನಾಟುವುದಿಲ್ಲ. ಕರೆಂಟ್ ತಂತಿ ಬೀಳಿಸಿದರೂ ಏನೂ ಆಗುವುದಿಲ್ಲ. ಕೊನೆಗೆ ಹೋಟೆಲಿನ ನೆಲಮಾಳಿಗೆಯಲ್ಲಿ ಸಿಕ್ಕಿಬಿದ್ದವರು ಬೆಂಕಿ ಆರಿಸಲು ಕಾರ್ಬನ್ ಡೈಆಕ್ಸೈಡ್ ಸಿಲಿಂಡರ್ ತೆರೆದಾಗ ಲೋಳೆ ಹಿಂದೆ ಸರಿಯುತ್ತದೆ. ಮೊದಲು ತಾನು ಅಡಗಿದ್ದ ಅಂಗಡಿಯ ಕೋಲ್ಡ್ ರೂಮಿನೊಳಗೂ ಅದು ಬಂದಿರಲಿಲ್ಲ ಎಂದು ಹೀರೋಗೆ ನೆನಪಾಗುತ್ತದೆ. ಊರಿನ ಹೈಸ್ಕೂಲಿನಿಂದ ಸಿಲಿಂಡರುಗಳನ್ನು ಹೊತ್ತು ತರುತ್ತಾರೆ. ಹೆಡ್‌ಮಾಸ್ತರರೇ ಶಾಲೆಯ ಗಾಜು ಒಡೆಯುತ್ತಾರೆ. ನನಗೆ ಇಡೀ ಸಿನಿಮಾದಲ್ಲಿ ತುಂಬ ಇಷ್ಟವಾದ ದೃಶ್ಯ ಅದು.

ಈ ಸಿಲಿಂಡರ್ ಕೆಲಸ ಮಾಡುವ ರೀತಿ ನೋಡಿ. ಕೆಂಪು ಮೈ, ಕಪ್ಪು ಹಾರ್ನ್ (ಅನಿಲ ಹೊರಬರುವ ಅಗಲ ಬಾಯಿ) ಇರುವ ಇದು ನಮ್ಮ ಆಫೀಸು, ಮಾಲ್‌ಗಳಲ್ಲೂ ಗೋಡೆಗೆ ನೇತಾಡುತ್ತಿರುತ್ತದೆ. ಒಳಗೆ ಕಾರ್ಬನ್ ಡೈಆಕ್ಸೈಡ್ ದ್ರವವಾಗಿರುತ್ತದೆ. ಅಲ್ಲಿನ ಒತ್ತಡ ಹೊರಗಿನ ಗಾಳಿಯ ಒತ್ತಡಕ್ಕಿಂತ ಐವತ್ತು ಪಟ್ಟಿಗೂ ಜಾಸ್ತಿ. ಹಿಡಿ ಒತ್ತಿದ ಕೂಡಲೇ ಅದು ಹೊರನುಗ್ಗಿ ಅನಿಲವಾಗುತ್ತದೆ. ಅನಿಲವಾಗಲು ಶಾಖ ಬೇಕಲ್ಲ, ಅದನ್ನು ಜೊತೆಗಿರುವ ದ್ರವದಿಂದಲೇ ಕಿತ್ತುಕೊಳ್ಳುತ್ತದೆ. ಹಾಗಾಗಿ ಉಳಿದದ್ದು ಮೈನಸ್ 78 ಡಿಗ್ರಿಯ ಬಿಳಿ ಹಿಮವಾಗಿ ಚಿಮ್ಮುತ್ತದೆ. ಬಳಸುವಾಗ ಆ ಹಾರ್ನನ್ನು ಬರಿಗೈಯಲ್ಲಿ ಹಿಡಿಯಬಾರದು ಅನ್ನುವುದೂ ಇದಕ್ಕೇ. ಚರ್ಮ ಸುಟ್ಟ ಹಾಗೆ ಆಗುತ್ತದೆ.

ಸರಿ, ಹೈಸ್ಕೂಲಿನ ಸಿಲಿಂಡರುಗಳು ಬ್ಲಾಬ್‌ಗೆ ಸಾಕಾಗುತ್ತಿದ್ದವಾ? ಲೆಕ್ಕ ಹಾಕೋಣ. ಬ್ಲಾಬ್ ಬಹುಪಾಲು ನೀರೇ ಎಂದುಕೊಳ್ಳಿ. 20 ಡಿಗ್ರಿಯಲ್ಲಿರುವ ಒಂದು ಕಿಲೋ ನೀರನ್ನು ಮಂಜುಗಡ್ಡೆ ಮಾಡಲು ಅದರಿಂದ ಸುಮಾರು 420 ಕಿಲೋಜೂಲ್ ಶಾಖ ತೆಗೆಯಬೇಕು. ಸಿಲಿಂಡರಿನ ಒಂದು ಕಿಲೋ ಕಾರ್ಬನ್ ಡೈಆಕ್ಸೈಡ್ ಹೆಚ್ಚೆಂದರೆ 230 ಕಿಲೋಜೂಲಿನಷ್ಟು ಹೀರಬಲ್ಲದು. ಅಂದರೆ ಒಂದು ಕಿಲೋ ಬ್ಲಾಬ್‌ಗೆ ಹೆಚ್ಚುಕಡಿಮೆ ಎರಡು ಕಿಲೋ ಗ್ಯಾಸ್. ಏಳು ಕಿಲೋದ ಇಪ್ಪತ್ತು ಸಿಲಿಂಡರ್ ಸಿಕ್ಕವು ಅಂತಿಟ್ಟುಕೊಂಡರೂ ಹೆಪ್ಪುಗಟ್ಟುವುದು ಎಪ್ಪತ್ತು ಕಿಲೋ. ಒಬ್ಬ ಮನುಷ್ಯನ ತೂಕ! ಒಂದು ಹೋಟೆಲನ್ನೇ ಮುಚ್ಚಿಕೊಂಡಿದ್ದ ಲೋಳೆಗೆ ಇದು ಎಲ್ಲಿಗೂ ಸಾಲದು.

ಅಷ್ಟಕ್ಕೂ ಆ ಲೋಳೆ ಹೋಟೆಲಿನಷ್ಟು ದೊಡ್ಡದಾಗಿದ್ದು ಹೇಗೆ ಅನ್ನೋದೇ ಪ್ರಶ್ನೆ. ನೂರು ಜನರನ್ನು ನುಂಗಿದರೂ ಕೂಡುವ ತೂಕ ಏಳು ಟನ್. ಎರಡು ಮೀಟರ್ ಉದ್ದ, ಎರಡು ಮೀಟರ್ ಅಗಲ, ಎರಡು ಮೀಟರ್ ಎತ್ತರದ ಒಂದು ಪುಟ್ಟ ಕೋಣೆಯೂ ತುಂಬುವುದಿಲ್ಲ. ತಿಂದಿದ್ದಕ್ಕಿಂತ ಜಾಸ್ತಿ ದಪ್ಪಗಾಗಲು ಯಾರಿಂದಲೂ ಆಗುವುದಿಲ್ಲ, ಬಾಹ್ಯಾಕಾಶದಿಂದ ಬಂದವರಿಂದಲೂ. ಹೋಗಲಿ ಬಿಡಿ, ಅದು ಸಿನಿಮಾ.

ಈ ಲೆಕ್ಕದಲ್ಲೆಲ್ಲ ಎಡವಿದ ಸಿನಿಮಾ ಒಂದು ವಿಷಯವನ್ನು ಮಾತ್ರ ಸರಿಯಾಗಿ ಹಿಡಿದಿದೆ. ಚಳಿ ಕೊಲ್ಲಲೇಬೇಕೆಂದಿಲ್ಲ, ಸುಮ್ನೆ ನಿಲ್ಲಿಸಿಡಬಹುದು. ಬಿಸಿ ಹಾಗಲ್ಲ. ಕುದಿಸಿದರೆ ಪ್ರೋಟೀನುಗಳ ಆಕಾರವೇ ಕೆಡುತ್ತದೆ, ಬೆಂದ ಮೊಟ್ಟೆ ಮತ್ತೆ ಹಸಿಯಾಗುವುದಿಲ್ಲ. ತಣ್ಣಗಾದಾಗ ಆಗುವುದು ಮುಖ್ಯವಾಗಿ ನಿಧಾನ. ತಾಪಮಾನ ಹತ್ತು ಡಿಗ್ರಿ ಇಳಿದರೆ ಜೀವಕೋಶದೊಳಗಿನ ರಾಸಾಯನಿಕ ಕೆಲಸಗಳ ವೇಗ ಸುಮಾರು ಅರ್ಧಕ್ಕೆ ಇಳಿಯುತ್ತದೆ. ದೋಸೆ ಹಿಟ್ಟನ್ನು ಫ್ರಿಜ್ಜಿನಲ್ಲಿಟ್ಟರೆ ಹುಳಿ ಬರುವುದು ತಡವಾಗುತ್ತದೆ, ಹೊರಗಿಟ್ಟರೆ ಬ್ಯಾಕ್ಟೀರಿಯಾಗಳು ಬಿಟ್ಟಲ್ಲಿಂದಲೇ ಶುರು ಮಾಡುತ್ತವೆ ಅಲ್ವಾ?

ನಿಜವಾದ ಅಪಾಯ ಇರುವುದು ನೀರು ಮಂಜುಗಡ್ಡೆಯಾಗುವ ಗಳಿಗೆಯಲ್ಲಿ. ಹರಳುಗಳು ಕೋಶದ ಪೊರೆಯನ್ನು ಚುಚ್ಚುತ್ತವೆ. ಹೊರಗಿನ ನೀರು ಗಟ್ಟಿಯಾಗುತ್ತಿದ್ದಂತೆ ಉಳಿದ ದ್ರವದಲ್ಲಿ ಉಪ್ಪಿನಂಶ ಹೆಚ್ಚಿ, ಕೋಶದ ಒಳಗಿನ ನೀರನ್ನೂ ಎಳೆದುಕೊಳ್ಳುತ್ತದೆ. ಇದನ್ನು ದಾಟಿಬಿಟ್ಟರೆ ಜೀವ ತುಂಬ ಕಾಲ ಕಾಯಬಹುದು. ಅಲಾಸ್ಕಾದ ಕಾಡುಕಪ್ಪೆ ಚಳಿಗಾಲದಲ್ಲಿ ರಕ್ತದ ತುಂಬ ಗ್ಲೂಕೋಸ್ ತುಂಬಿಕೊಂಡು ಕಲ್ಲಿನಂತೆ ಹೆಪ್ಪುಗಟ್ಟುತ್ತದೆ. ಎದೆ ಬಡಿತ ಇಲ್ಲ, ಉಸಿರಿಲ್ಲ. ವಸಂತ ಬಂದಾಗ ಕರಗಿ ಎದ್ದು ಕುಪ್ಪಳಿಸುತ್ತದೆ. 1949ರಲ್ಲಿ ಇಂಗ್ಲೆಂಡಿನ ವಿಜ್ಞಾನಿಗಳು ಗ್ಲಿಸರಿನ್ ಬೆರೆಸಿ ಹುಂಜದ ವೀರ್ಯವನ್ನು ಮೈನಸ್ 79 ಡಿಗ್ರಿಯಲ್ಲಿಟ್ಟು ಮತ್ತೆ ಚಲಿಸುವಂತೆ ಮಾಡಿದರು. ಬ್ಲಾಬ್ ಮೇಲೆ ಸುರಿದದ್ದೂ ಅದೇ ಚಳಿ, ಅದೇ ಕಾರ್ಬನ್ ಡೈಆಕ್ಸೈಡ್ ಹಿಮ. ಬೆಂಗಳೂರಿನ ಪಕ್ಕದ ಹೆಸರಘಟ್ಟದ ಕೇಂದ್ರದಿಂದ ಹೊರಡುವ ಹೋರಿ ವೀರ್ಯದ ಕಡ್ಡಿಗಳು ಈ ದಾರಿಯಲ್ಲೇ ಬಂದವು. ಈಗ ದ್ರವ ಸಾರಜನಕ ಬಳಸುತ್ತಾರೆ, ಮೈನಸ್ 196 ಡಿಗ್ರಿ. ಎಷ್ಟೋ ವರ್ಷದ ನಂತರ ಆ ಕಡ್ಡಿಯಿಂದ ಕರು ಹುಟ್ಟಬಹುದು.

ಇನ್ನು ಆರ್ಕ್ಟಿಕ್. ಅಲ್ಲಿನ ನೆಲದಲ್ಲಿ ಸಾವಿರಾರು ವರ್ಷಗಳಿಂದ ಕರಗದ ಪದರ ಇದೆ, ಪರ್ಮಾಫ್ರಾಸ್ಟ್. ಬ್ಲಾಬ್ ಇಲ್ಲದಿದ್ದರೂ ಅಲ್ಲಿ ಬೇರೆಯವರು ಮಲಗಿದ್ದಾರೆ. 2012ರಲ್ಲಿ ರಷ್ಯಾದ ವಿಜ್ಞಾನಿಗಳು ಸುಮಾರು 32,000 ವರ್ಷ ಹಳೆಯ ಕಾಯಿಯ ಅಂಗಾಂಶದಿಂದ ಹೂಗಿಡ ಬೆಳೆಸಿದರು. 2023ರಲ್ಲಿ ವರದಿಯಾದ ಒಂದು ಸೂಕ್ಷ್ಮ ದುಂಡುಹುಳು 46,000 ವರ್ಷ ಹೂತಿದ್ದು, ಕರಗಿದ ಮೇಲೆ ಎದ್ದು ಮರಿ ಹಾಕಿತು. 2014ರಲ್ಲಿ ಫ್ರಾನ್ಸಿನ ಕ್ಲಾವರಿ ಮತ್ತು ಅಬೆರ್ಜೆಲ್ ಸೈಬೀರಿಯಾದ 30,000 ವರ್ಷ ಹಳೆಯ ಮಣ್ಣಿನಿಂದ ಒಂದು ದೈತ್ಯ ವೈರಸ್ ಎಬ್ಬಿಸಿದರು. ಗಾಬರಿ ಬೇಡ, ಅದಕ್ಕೆ ನಾವು ಬೇಕಾಗಿಲ್ಲ. ಅದು ತಿನ್ನುವುದು ಅಮೀಬಾಗಳನ್ನು. ಬ್ಲಾಬ್ ನೋಡಲು ದೊಡ್ಡ ಅಮೀಬಾದ ಹಾಗೇ ಇರುವುದರಿಂದ, ಪಕ್ಕದಲ್ಲಿ ಹೂತಿದ್ದರೆ ಭಯಪಡಬೇಕಾದದ್ದು ಬ್ಲಾಬೇ!

2016ರಲ್ಲಿ ಸೈಬೀರಿಯಾದ ಯಮಾಲ್‌ನಲ್ಲಿ ಆದದ್ದು ಮಾತ್ರ ತಮಾಷೆಯಲ್ಲ. ವಿಪರೀತ ಸೆಕೆಯ ಬೇಸಿಗೆಯಲ್ಲಿ ಅಂಥ್ರಾಕ್ಸ್ ಎಂಬ ಬ್ಯಾಕ್ಟೀರಿಯಾ ರೋಗ ಹರಡಿ ಎರಡು ಸಾವಿರಕ್ಕೂ ಹೆಚ್ಚು ಹಿಮಸಾರಂಗಗಳು ಸತ್ತವು, ಹನ್ನೆರಡು ವರ್ಷದ ಒಬ್ಬ ಹುಡುಗನೂ ತೀರಿಕೊಂಡ. ಹಿಂದೆಂದೋ ಸತ್ತ ಪ್ರಾಣಿಗಳ ಜೊತೆ ಹೂತಿದ್ದ ಆ ಬ್ಯಾಕ್ಟೀರಿಯಾದ ಬೀಜಕಣಗಳು ನೆಲ ಕರಗಿ ಹೊರಬಂದವು ಎಂದು ಪತ್ರಿಕೆಗಳೆಲ್ಲ ಬರೆದವು. ಅದು ನಿಜ ಇರಬಹುದು. ಆದರೆ ಅಲ್ಲಿ 2007ರಲ್ಲೇ ಹಿಮಸಾರಂಗಗಳಿಗೆ ಲಸಿಕೆ ಹಾಕುವುದನ್ನು ನಿಲ್ಲಿಸಿದ್ದರು. ಲಸಿಕೆ ಇದ್ದಿದ್ದರೆ ಇಷ್ಟು ಸಾವು ಆಗುತ್ತಿರಲಿಲ್ಲ ಅನ್ನುವುದು ನನ್ನ ಎಣಿಕೆ. ಮಂಜಿನಡಿಯ ಪುರಾತನ ರಾಕ್ಷಸನ ಕತೆ ರೋಚಕ, ನಿಂತುಹೋದ ಲಸಿಕೆಯ ಕತೆ ಸಪ್ಪೆ. ಹಾಗಾಗಿ ಮೊದಲನೆಯದೇ ಜಾಸ್ತಿ ಓಡುತ್ತದೆ.

ಹೀರೋ ಹೇಳಿದ ಆ ಸಾಲಿಗೆ ಬರೋಣ. 1958ರ ಪ್ರೇಕ್ಷಕರಿಗೆ ಅದು ಸೂರ್ಯ ಇರೋವರೆಗೆ ಅಂದ ಹಾಗೆ ಕೇಳಿಸಿರಬೇಕು. ಅದೇ ವರ್ಷ ಮಾರ್ಚ್‌ನಲ್ಲಿ, ಸಿನಿಮಾ ತೆರೆಗೆ ಬರುವ ಆರು ತಿಂಗಳ ಮುಂಚೆ, ಹವಾಯಿಯ ಮೌನಾ ಲೋವಾ ಪರ್ವತದಲ್ಲಿ ಚಾರ್ಲ್ಸ್ ಕೀಲಿಂಗ್ ಗಾಳಿಯ ಕಾರ್ಬನ್ ಡೈಆಕ್ಸೈಡ್ ಅಳೆಯಲು ಶುರು ಮಾಡಿದ್ದರು. ಮೊದಲ ಅಳತೆ ಹತ್ತು ಲಕ್ಷಕ್ಕೆ 313 ಭಾಗ. ಈಗ 420 ದಾಟಿದೆ. ಬ್ಲಾಬ್‌ನ ಮೇಲೆ ಸುರಿದು ಅದನ್ನು ಹೆಪ್ಪುಗಟ್ಟಿಸಿದ ಅನಿಲವೇ, ಆಕಾಶದಲ್ಲಿ ಸೇರಿ, ಅದರ ಜೈಲನ್ನು ಕರಗಿಸುತ್ತಿದೆ. ಚಿತ್ರಕತೆ ಬರೆದವರು ಇದನ್ನು ಯೋಚಿಸಿರಲಿಕ್ಕಿಲ್ಲ. ಆದರೆ ವಿಜ್ಞಾನಕ್ಕೆ ಇದು ಹೊಸದಾಗಿರಲಿಲ್ಲ. ಈ ಅನಿಲ ಹೆಚ್ಚಿದರೆ ಭೂಮಿ ಎಷ್ಟು ಬಿಸಿಯಾಗುತ್ತದೆ ಎಂದು ಸ್ವೀಡನ್ನಿನ ಅರೇನಿಯಸ್ 1896ರಲ್ಲೇ ಲೆಕ್ಕ ಹಾಕಿದ್ದರು.

1979ರಿಂದೀಚೆಗೆ ಆರ್ಕ್ಟಿಕ್ ಬಿಸಿಯಾಗಿರುವ ವೇಗ ಇಡೀ ಭೂಮಿಯ ಸರಾಸರಿಗಿಂತ ಸುಮಾರು ನಾಲ್ಕು ಪಟ್ಟು. ಒಂದು ದೊಡ್ಡ ಕಾರಣ ಬಣ್ಣ. ಹೊಸ ಹಿಮ ಬಿಸಿಲಿನ ಬಹುಪಾಲನ್ನು ವಾಪಸ್ ಕಳಿಸುತ್ತದೆ. ಅದು ಕರಗಿ ಕೆಳಗಿನ ಕಡುಬಣ್ಣದ ಸಮುದ್ರದ ನೀರು ಕಂಡರೆ ಬಿಸಿಲೆಲ್ಲ ನೀರಿಗೇ ಇಳಿಯುತ್ತದೆ, ಇನ್ನಷ್ಟು ಮಂಜು ಕರಗುತ್ತದೆ. 2020ರ ಜೂನ್‌ನಲ್ಲಿ ಆರ್ಕ್ಟಿಕ್ ವೃತ್ತದ ಒಳಗಿರುವ ವೆರ್ಖೊಯಾನ್ಸ್ಕ್ ಪಟ್ಟಣದಲ್ಲಿ 38 ಡಿಗ್ರಿ ದಾಖಲಾಯಿತು. ಕಲಬುರಗಿಯಲ್ಲಿ ಮಾರ್ಚ್ ತಿಂಗಳಿನಲ್ಲಿ ಕಾಣುವ ಸೆಕೆ ಅದು. ಪರ್ಮಾಫ್ರಾಸ್ಟ್‌ನೊಳಗೆ ಹೂತಿರುವ ಇಂಗಾಲ ಸುಮಾರು ಒಂದೂವರೆ ಲಕ್ಷ ಕೋಟಿ ಟನ್, ಈಗ ವಾತಾವರಣದಲ್ಲಿರುವ ಇಂಗಾಲದ ಎರಡು ಪಟ್ಟಿಗೆ ಹತ್ತಿರ. ನೆಲ ಕರಗಿದರೆ ಸೂಕ್ಷ್ಮಜೀವಿಗಳು ಅದನ್ನು ತಿಂದು, ಒಂದಷ್ಟನ್ನು ಕಾರ್ಬನ್ ಡೈಆಕ್ಸೈಡ್ ಮತ್ತು ಮೀಥೇನ್ ಆಗಿ ಹೊರಬಿಡುತ್ತವೆ. ವೈರಸ್‌ಗಿಂತ ನನಗೆ ಜಾಸ್ತಿ ಚಿಂತೆ ಇರುವುದು ಇದರ ಬಗ್ಗೆ.

1972ರಲ್ಲಿ ಈ ಸಿನಿಮಾದ ಎರಡನೇ ಭಾಗ ಬಂತು. ಚಿತ್ರ ಸಾಧಾರಣ. ಆದರೆ ಅದರಲ್ಲಿ ಬ್ಲಾಬ್ ಹೊರಬರುವುದು ಹೇಗೆ ಗೊತ್ತಾ? ಆರ್ಕ್ಟಿಕ್‌ನಲ್ಲಿ ಪೈಪ್‌ಲೈನ್ ಹಾಕುವ ಕೆಲಸಕ್ಕೆ ಹೋದವನೊಬ್ಬ ಅದರ ತುಂಡನ್ನು ಮನೆಗೆ ತರುತ್ತಾನೆ. ಕೆಲವೇ ವರ್ಷಗಳಲ್ಲಿ ಅಲಾಸ್ಕಾದಲ್ಲಿ ನಿಜವಾದ ತೈಲ ಪೈಪ್‌ಲೈನ್ ಕಟ್ಟಿದರು. 1977ರಲ್ಲಿ ಮುಗಿದ, ಸುಮಾರು 1,300 ಕಿಲೋಮೀಟರ್ ಉದ್ದದ ಸಾಲು. ಒಳಗಿನ ತೈಲ ಬಿಸಿ, ಕೆಳಗಿನ ನೆಲ ಪರ್ಮಾಫ್ರಾಸ್ಟ್. ಬಿಸಿ ಇಳಿದು ನೆಲ ಕರಗಿದರೆ ಕಂಬ ಕುಸಿಯುತ್ತದೆ. ಅದಕ್ಕೇ ಅರ್ಧಕ್ಕಿಂತ ಹೆಚ್ಚು ಉದ್ದಕ್ಕೆ ಪೈಪನ್ನು ಕಂಬಗಳ ಮೇಲೆ ಎತ್ತಿ ನಿಲ್ಲಿಸಿ, ಸಾವಿರಾರು ಕಂಬಗಳೊಳಗೆ ಅಮೋನಿಯಾ ತುಂಬಿದ ಕೊಳವೆಗಳನ್ನು ಇಳಿಸಿದರು. ಚಳಿಗಾಲದಲ್ಲಿ ಅಮೋನಿಯಾ ಬುಡದಲ್ಲಿ ನೆಲದ ಶಾಖ ಹೀರಿ ಆವಿಯಾಗಿ ಮೇಲೇರುತ್ತದೆ. ತುದಿಯಲ್ಲಿ ಶಾಖವನ್ನು ಗಾಳಿಗೆ ಬಿಟ್ಟು ದ್ರವವಾಗಿ ಮತ್ತೆ ಕೆಳಗಿಳಿಯುತ್ತದೆ. ಕರೆಂಟ್ ಬೇಕಿಲ್ಲ, ಮೋಟಾರ್ ಬೇಕಿಲ್ಲ. ಹೊರಗಿನ ಗಾಳಿ ನೆಲಕ್ಕಿಂತ ತಣ್ಣಗಿದ್ದರೆ ಸಾಕು. ಈಗ ಅಲ್ಲಿನ ಒಂದು ಇಳಿಜಾರಿನಲ್ಲಿ ನೆಲ ಕರಗಿ ಪೈಪಿನ ಕಂಬಗಳು ವಾಲಿದ್ದರಿಂದ, ಅದನ್ನು ಮತ್ತೆ ಹೆಪ್ಪುಗಟ್ಟಿಸಲು ಇನ್ನೂ ನೂರರಷ್ಟು ಇಂಥ ಕೊಳವೆಗಳನ್ನು ನೆಡಲು 2021ರಲ್ಲಿ ಅನುಮತಿ ಕೊಡಬೇಕಾಯಿತು.