ಬಂಧನಕ್ಕೆ ಮುಂಚೆಯೇ ಬೇಲ್: ಹೊಡೆದಾಟದ ಕೇಸುಗಳಲ್ಲಿ ಇದು ಹೇಗೆ ಬಂತು?

ಹೊಲದ ಬದುವಿನ ಜಗಳದಲ್ಲಿ ಬಡಿಗೆ ಎದ್ದರೆ ಒಂದು ಕಡೆಯವರು ಆಸ್ಪತ್ರೆಗೆ ಓಡುತ್ತಾರೆ, ಇನ್ನೊಂದು ಕಡೆಯವರು ವಕೀಲರ ಹತ್ತಿರ. ‘ಬೇಲ್ ಆಗ್ತದೇನ್ರೀ?’ ಕಲಬುರಗಿ, ಬೀದರ್, ಯಾದಗಿರಿಯ ಕೋರ್ಟ್ ಆವರಣಗಳಲ್ಲಿ ಇದು ದಿನನಿತ್ಯದ ಪ್ರಶ್ನೆ. ಪೊಲೀಸರು ಹಿಡಿಯುವ ಮುಂಚೆಯೇ ಕೊಡುವ ನಿರೀಕ್ಷಣಾ ಜಾಮೀನು ಕೆಲವರಿಗೆ ಸಿಗುತ್ತದೆ, ಕೆಲವರಿಗೆ ಸಿಗುವುದಿಲ್ಲ. ಯಾಕೆ?

ಕ್ರಿಮಿನಲ್ ಕೇಸು ಹೇಗೆ ನಡೆಸಬೇಕು ಎಂದು ಹೇಳುವ 1898ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಇದು ಇರಲೇ ಇಲ್ಲ. ನಿಜಾಮರ ಸೀಮೆಯಾಗಿದ್ದ ನಮ್ಮ ಭಾಗಕ್ಕೆ ಆ ಸಂಹಿತೆ ಬಂದದ್ದೇ 1951ರಲ್ಲಿ. ಬಲ ಇದ್ದವರು ಎದುರಾಳಿಯನ್ನು ಸುಳ್ಳು ಕೇಸಲ್ಲಿ ಸಿಕ್ಕಿಸಿ ನಾಲ್ಕು ದಿನ ಜೈಲಿಗೆ ಕಳಿಸುತ್ತಾರೆ ಎಂದು 1969ರಲ್ಲಿ ಕಾನೂನು ಆಯೋಗ ಹೇಳಿತು. ಹಾಗಾಗಿ ಹೊಸ ಸಂಹಿತೆಯಲ್ಲಿ 438ನೇ ಕಲಂ ಸೇರಿತು. 1974ರ ಏಪ್ರಿಲ್ 1ರಿಂದ ಜಾರಿ. 1980ರಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಇದನ್ನು ವಿಶಾಲವಾಗಿ ಓದಬೇಕು ಎಂದಿತು. ಈ ಜಾಮೀನು ಎಷ್ಟು ದಿನ ನಡೆಯುತ್ತದೆ ಎಂಬ ಗೊಂದಲ ಮಾತ್ರ 2020ರವರೆಗೆ ಎಳೆಯಿತು. ಸಾಮಾನ್ಯವಾಗಿ ಗಡುವು ಬೇಡ ಎಂದು ಆಗ ತೀರ್ಮಾನವಾಯಿತು. ಈಗ ಅದೇ ಅಧಿಕಾರ ಆ ಸಂಹಿತೆಯ ಜಾಗಕ್ಕೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 482ನೇ ಕಲಮಿನಲ್ಲಿದೆ.

ಪರಿಶಿಷ್ಟ ಜಾತಿ, ಪಂಗಡದವರ ಮೇಲಿನ ದೌರ್ಜನ್ಯ ತಡೆ ಕಾಯ್ದೆಯ ದಾರಿ ಬೇರೆ. ಅದರ 18ನೇ ಕಲಂ ಈ ಜಾಮೀನಿಗೆ ಬಾಗಿಲು ಹಾಕಿದೆ. 2018ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನು ಸಡಿಲಿಸಿತು. ದೇಶದ ತುಂಬ ಪ್ರತಿಭಟನೆ ಎದ್ದಿತು. ಸಂಸತ್ತು ಅದೇ ವರ್ಷ 18ಎ ಸೇರಿಸಿ ಬಾಗಿಲನ್ನು ಮತ್ತೆ ಭದ್ರ ಮಾಡಿತು. 2020ರಲ್ಲಿ ಕೋರ್ಟ್ ಅದನ್ನು ಒಪ್ಪಿತು. ಆದರೆ ದೂರು ಓದಿದರೆ ಮೇಲ್ನೋಟಕ್ಕೇ ಆ ಕಾಯ್ದೆಯ ಅಪರಾಧ ಕಾಣದಿದ್ದರೆ ಈ ನಿರ್ಬಂಧ ಅನ್ವಯಿಸದು ಎಂದಿತು.

ನಮ್ಮ ಕಡೆ ನಿಜವಾದ ಬದಲಾವಣೆ ಆದದ್ದು 2008ರ ಜುಲೈನಲ್ಲಿ. ಹೈಕೋರ್ಟಿನ ಸಂಚಾರಿ ಪೀಠ ಕಲಬುರಗಿಗೆ ಬಂತು, 2013ರ ಆಗಸ್ಟ್‌ನಲ್ಲಿ ಅದು ಕಾಯಂ ಆಯಿತು. ಅದಕ್ಕೂ ಮುಂಚೆ ಸೆಷನ್ಸ್ ಕೋರ್ಟ್ ಅರ್ಜಿ ತಳ್ಳಿದರೆ ಬೆಂಗಳೂರೇ ಗತಿ. ಕಲಬುರಗಿಯಿಂದ ಸುಮಾರು 600 ಕಿಲೋಮೀಟರ್, ಬೀದರ್‌ನಿಂದ ಇನ್ನೂ ಜಾಸ್ತಿ. ರೈಲು, ಲಾಡ್ಜು, ಅಲ್ಲಿನ ವಕೀಲರ ಫೀಸು. ಬಡವನ ಪಾಲಿಗೆ ಹಕ್ಕು ಕಾಗದದ ಮೇಲಷ್ಟೇ ಇತ್ತು. ಪೀಠ ಬಂದ ಮೇಲೆ ಅದು ಕೈಗೆ ಎಟುಕಿತು, ಇದು ಸಣ್ಣ ಮಾತಲ್ಲ. ರಾಜ್ಯದ ಗಡಿ ದಾಟಿದ ಕೇಸುಗಳ ತೊಡಕನ್ನೂ ಸುಪ್ರೀಂ ಕೋರ್ಟಿನ 2023ರ ನವೆಂಬರ್‌ನ ತೀರ್ಪು ಸ್ವಲ್ಪ ಬಿಡಿಸಿತು. ಸೊಲ್ಲಾಪುರದಲ್ಲೋ ಜಹೀರಾಬಾದ್‌ನಲ್ಲೋ ಎಫ್‌ಐಆರ್ ಆದರೂ, ತಕ್ಕ ಕಾರಣ ಇದ್ದರೆ ಇಲ್ಲಿನ ಕೋರ್ಟ್ ಅಲ್ಪಾವಧಿಯ ರಕ್ಷಣೆ ಕೊಡಬಹುದು.

ಪೆಟ್ಟು ತಿಂದವರ ಕಡೆ ಅಷ್ಟು ಸುಧಾರಣೆ ಆಗಿಲ್ಲ. ಬರಿಗೈಯಲ್ಲಿ ಮಾಡಿದ ಸಣ್ಣ ಗಾಯಕ್ಕೆ ಠಾಣೆಯಲ್ಲೇ ಜಾಮೀನು ಉಂಟು, ನಿರೀಕ್ಷಣಾ ಜಾಮೀನು ಬೇಕಾಗದು. ಕೊಡಲಿ, ಕುಡುಗೋಲು ಬಂದರೆ ಅಪರಾಧ, ಶಿಕ್ಷೆಗಳನ್ನು ಹೇಳುವ ಭಾರತೀಯ ನ್ಯಾಯ ಸಂಹಿತೆಯ 118ನೇ ಕಲಂ, ಕೊಲೆ ಯತ್ನವಾದರೆ 109. ಆ ಗಾಯ ಎಷ್ಟು ದೊಡ್ಡದು ಎಂದು ಹೇಳುವುದು ವೈದ್ಯರ ವೂಂಡ್ ಸರ್ಟಿಫಿಕೇಟ್. ಎಕ್ಸ್‌ರೇ, ಸ್ಕ್ಯಾನ್ ವರದಿ ಸೇರಿ ಅದು ತಯಾರಾಗುವ ಮುಂಚೆಯೇ ಅರ್ಜಿ ವಿಚಾರಣೆಗೆ ಬಂದರೆ ‘ಮಾಮೂಲಿ ಪೆಟ್ಟು, ಸ್ವಾಮಿ’ ಎಂಬ ವಾದಕ್ಕೆ ಉತ್ತರ ಕೊಡಲು ಕೈಯಲ್ಲಿ ಕಾಗದವೇ ಇರುವುದಿಲ್ಲ. ಎರಡೂ ಕಡೆ ಕೇಸು, ಪ್ರತಿಕೇಸು ಇದ್ದರಂತೂ ಯಾರು ಮೊದಲು ಕೈ ಎತ್ತಿದರು ಎಂಬುದೇ ಮಸುಕು. ಜಾಮೀನು ಸಿಕ್ಕವರು ಮತ್ತು ಹೊಲಿಗೆ ಹಾಕಿಸಿಕೊಂಡವರು ಅದೇ ಓಣಿಯಲ್ಲಿ ಎದುರುಬದುರು ಇರಬೇಕು. ಸಾಕ್ಷಿಗಳನ್ನು ಬೆದರಿಸಬಾರದು ಎಂಬ ಷರತ್ತು ಆದೇಶದಲ್ಲಿ ಇದ್ದೇ ಇರುತ್ತದೆ. ಅದನ್ನು ದಿನವೂ ನೋಡುವವರು ಯಾರು?

ದೌರ್ಜನ್ಯ ಕಾಯ್ದೆಯಲ್ಲಿ ಜಾಮೀನಿನ ವೇಳೆ ಸಂತ್ರಸ್ತರ ಮಾತು ಕೇಳಬೇಕು ಎಂಬ ನಿಯಮ 2016ರಿಂದಲೇ ಇದೆ. ಎಲ್ಲ ಕೇಸುಗಳಲ್ಲೂ ಸಂತ್ರಸ್ತರಿಗೆ ಹೇಳಿಕೊಳ್ಳುವ ಹಕ್ಕಿದೆ ಎಂದು 2022ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೆ ಹೋಗಿ ಕೇಳಬೇಕು. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ನೋಡದೆ ವಕೀಲರನ್ನು ಕೊಡುತ್ತಾರೆ. ಸಹಾಯವಾಣಿ 15100.