ಸಂಬಳದಲ್ಲಿ ಮುರ್ಕೊಂಡ ಸೊಸೈಟಿ ದುಡ್ಡು ಸೊಸೈಟಿಗೇ ಹೋಗ್ಲಿಲ್ಲಾಂದ್ರೆ?

ಪೇ ಸ್ಲಿಪ್‌ನಲ್ಲಿ ‘ಸೊಸೈಟಿ’ (ನೌಕರರಿಗೆ ಸಾಲ ಕೊಡೋ ಸಹಕಾರ ಸಂಘ) ಅಂತ ಒಂದು ಕಾಲಂ ಇರುತ್ತಲ್ಲ, ಅದರ ಮುಂದೆ ಆರು ಸಾವಿರ ಅಂತ ಇದೆ ಅಂದ್ಕೊಳ್ಳಿ. ಆ ದುಡ್ಡು ನಿಮ್ಮ ಕೈಗೆ ಬಂದೇ ಇಲ್ಲ, ಸಾಲದ ಕಂತು ಹೋಯ್ತು ಅಂತ ನೀವು ನೆಮ್ಮದಿಯಾಗಿದೀರ, ಮೂರು ತಿಂಗಳಾದ್ಮೇಲೆ ಸೊಸೈಟಿಯಿಂದ ನೋಟಿಸ್ ಬರುತ್ತೆ, ಕಂತು ಬಾಕಿ ಇದೆ, ಸುಸ್ತಿ ಬಡ್ಡಿ ಇಷ್ಟಾಗಿದೆ ಅಂತ, ಜಾಮೀನು ಹಾಕಿದ ಪಾಪದ ಸಹೋದ್ಯೋಗಿಗೂ ಅದರದ್ದೇ ಒಂದು ಕಾಪಿ. ಆಫೀಸ್‌ನವ್ರು ಮುರ್ಕೊಂಡಿದಾರೆ, ಕಟ್ಟಿಲ್ಲ.

ಈ ಕಟಿಂಗ್ ಪದ್ಧತಿ ಶುರುವಾಗಿದ್ದು ಒಳ್ಳೇದಕ್ಕೇ. 1904ರಲ್ಲಿ ಸಹಕಾರ ಪತ್ತಿನ ಸಂಘಗಳ ಕಾಯ್ದೆ ಬಂತು, ಮುಂದಿನ ವರ್ಷಾನೇ ಗದಗದ ಹತ್ರ ಕಣಗಿನಹಾಳದಲ್ಲಿ ರೈತರ ಪತ್ತಿನ ಸಂಘ ಆಯ್ತು, ಅದು ಗೊತ್ತಿರೋ ಕಥೆ. ಹಳ್ಳೀಲಿ ಸಾಲಕ್ಕೆ ಹೊಲ ಆಧಾರ ಇತ್ತು, ಆದ್ರೆ ಮಿಲ್ಲಲ್ಲಿ ದುಡಿಯೋನ ಹತ್ರ ಸಂಬಳ ಬಿಟ್ರೆ ಇನ್ನೇನಿತ್ತು? 1931ರಲ್ಲಿ ವರದಿ ಕೊಟ್ಟ ಕಾರ್ಮಿಕರ ರಾಯಲ್ ಕಮಿಷನ್ ಹೇಳೋ ಪ್ರಕಾರ ಬಹುಪಾಲು ಕೈಗಾರಿಕಾ ಊರುಗಳಲ್ಲಿ ಮೂರರಲ್ಲಿ ಎರಡು ಪಾಲು ಕುಟುಂಬ ಸಾಲದಲ್ಲಿತ್ತು. ಸಂಬಳದ ದಿನ ಕಾಬೂಲಿ ಲೇವಾದೇವಿಯವ್ರು ದೊಣ್ಣೆ ಹಿಡ್ಕೊಂಡು ಗೇಟ್ ಹತ್ರ ಕಾಯೋರು. ಸಂಬಳ ಗೇಟು ದಾಟೋಕೆ ಮುಂಚೆ ಅಕೌಂಟ್ಸ್‌ನಲ್ಲೇ ಕಂತು ಹಿಡಿದ್ರೆ ಸೊಸೈಟಿ ಕಮ್ಮಿ ಬಡ್ಡಿಗೆ ಧೈರ್ಯವಾಗಿ ಸಾಲ ಕೊಡಬಹುದಿತ್ತು.

1936ರ ವೇತನ ಪಾವತಿ ಕಾಯ್ದೆ ಬಂದಿದ್ದು ಮಾಲೀಕರು ಮನಸ್ಸಿಗೆ ಬಂದ ಹಾಗೆ ಸಂಬಳ ಮುರಿಯೋದನ್ನ ತಡೆಯೋಕೆ, ಪಟ್ಟೀಲಿ ಇರೋ ಕಟಾವಣೆ ಮಾತ್ರ ಮಾಡಬಹುದಿತ್ತು, ಸೊಸೈಟಿ ಆ ಪಟ್ಟೀಲಿತ್ತು. ಒಟ್ಟು ಕಟಾವಣೆ ಸಂಬಳದ ಶೇ. 50 ದಾಟಬಾರದಿತ್ತು, ಸೊಸೈಟಿ ಬಾಕಿ ಸೇರಿದ್ರೆ ಮಾತ್ರ ಶೇ. 75ರ ತನಕ ಓಕೆ ಇತ್ತು, ಅಷ್ಟು ಮರ್ಯಾದೆ ಸೊಸೈಟಿಗೆ!

ನಮ್ಮಲ್ಲಿ ಮುಖ್ಯವಾದದ್ದು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ 34ನೇ ಸೆಕ್ಷನ್. ಸಾಲ ತಗೊಳ್ಳುವಾಗ ಹತ್ತು ಕಡೆ ಸೈನ್ ಹಾಕ್ತೀವಲ್ಲ, ಅದರಲ್ಲೊಂದು ‘ನನ್ನ ಸಂಬಳದಲ್ಲಿ ಮುರ್ಕೊಂಡು ಸಂಘಕ್ಕೆ ಕೊಡಿ’ ಅನ್ನೋ ಒಪ್ಪಂದ. ಅದನ್ನ ಇಟ್ಕೊಂಡು ಸೊಸೈಟಿ ಲಿಖಿತವಾಗಿ ಕೇಳಿದ್ರೆ ಮುರಿಯೋದೂ ಕಟ್ಟೋದೂ ಎರಡೂ ಮಾಲೀಕರ ಕರ್ತವ್ಯ, ಮಾಡ್ಲಿಲ್ಲಾಂದ್ರೆ ಭೂಕಂದಾಯ ಬಾಕಿ ವಸೂಲಿ ಮಾಡೋ ಥರ ಮಾಲೀಕರಿಂದಾನೇ ವಸೂಲಿ ಮಾಡಬಹುದು.

ಓದೋಕೆ ಜೋರಾಗೇ ಇದೆ. ಆದ್ರೆ ಪಿಎಫ್ ಜೊತೆ ಹೋಲಿಸಿ ನೋಡಿ. ಸಂಬಳದಲ್ಲಿ ಹಿಡಿದ ಪಿಎಫ್ ವಂತಿಗೆ ಅಂದ್ರೆ ಮಾಲೀಕರ ಕೈಗೆ ನಂಬಿ ಕೊಟ್ಟ ಹಣ, ಕಟ್ಟದಿದ್ರೆ ಅದು ನಂಬಿಕೆ ದ್ರೋಹದ ಅಪರಾಧ ಅಂತ 1973ರಲ್ಲಿ ಆಗಿನ ದಂಡ ಸಂಹಿತೆಯ 405ನೇ ಸೆಕ್ಷನ್‌ಗೇ ವಿವರಣೆ ಸೇರಿಸಿದ್ರು, 1975ರಲ್ಲಿ ಇಎಸ್‌ಐಗೂ (ನೌಕರರ ವಿಮೆ) ಅದೇ. ಟಿಡಿಎಸ್ (ಸಂಬಳದಲ್ಲೇ ಹಿಡಿಯೋ ಆದಾಯ ತೆರಿಗೆ) ಹಿಡಿದು ಕಟ್ಟದಿದ್ರೂ ಜೈಲು ಶಿಕ್ಷೆ ಇದೆ, ನೌಕರನ ಹತ್ರ ಅದೇ ತೆರಿಗೆ ಮತ್ತೆ ಕೇಳೋ ಹಾಗೂ ಇಲ್ಲ. ಸೊಸೈಟಿ ದುಡ್ಡಿಗೆ ಮಾತ್ರ ಅಂಥ ಪ್ರತ್ಯೇಕ ವಿವರಣೆ ಯಾರೂ ಬರೀಲಿಲ್ಲ. ಒಂದೇ ಪೇ ಸ್ಲಿಪ್, ಮೂರ್ನಾಲ್ಕು ಕಟಿಂಗು, ಒಂದಕ್ಕೆ ಪೊಲೀಸ್ ಭಯ, ಇನ್ನೊಂದಕ್ಕೆ ಕಾಗದ ಪತ್ರ. ಕೈ ಬಿಗಿಯಾದಾಗ ಅಕೌಂಟ್ಸ್‌ನವ್ರು ಯಾವುದನ್ನ ಮುಂದೂಡ್ತಾರೆ ಅಂತ ಬೇರೆ ಹೇಳ್ಬೇಕಾ.

ಇನ್ನೊಂದು ವಿಷ್ಯ ಯಾರೂ ಬಾಯಿ ಬಿಟ್ಟು ಹೇಳಲ್ಲ. ನೌಕರರ ಸೊಸೈಟಿಯ ಡೈರೆಕ್ಟರ್‌ಗಳೂ ಅದೇ ಆಫೀಸಿನ ನೌಕರರು, ಸೊಸೈಟಿ ರೂಮು ಎಷ್ಟೋ ಕಡೆ ಮ್ಯಾನೇಜ್‌ಮೆಂಟ್ ಕೊಟ್ಟಿದ್ದೇ, ಹಾಗಿರುವಾಗ 34ನೇ ಸೆಕ್ಷನ್ ಹಿಡ್ಕೊಂಡು ತಮ್ಮ ಬಾಸ್ ಮೇಲೇ ವಸೂಲಿಗೆ ಹೋಗೋರು ಯಾರು? ಸದಸ್ಯನಿಗೆ ನೋಟಿಸ್ ಕೊಡೋದು ಸುಲಭ, ಕೊಡ್ತಾರೆ. ನನ್ನ ಪ್ರಕಾರ ಕಾನೂನಿನ ಬಲ ಸೋರಿ ಹೋಗಿದ್ದು ಇಲ್ಲೇ ಜಾಸ್ತಿ.

ಈಗ 1936ರ ಕಾಯ್ದೆ ಜಾಗಕ್ಕೆ 2019ರ ವೇತನ ಸಂಹಿತೆ ಬಂದಿದೆ, 2025ರ ನವೆಂಬರ್ 21ರಿಂದ ಜಾರಿ. ಸೊಸೈಟಿ ಕಟಾವಣೆ ಪಟ್ಟೀಲಿ ಉಳಿದಿದೆ, ಆದ್ರೆ ಶೇ. 75ರ ವಿನಾಯಿತಿ ಹೋಯ್ತು, ಎಲ್ಲಾ ಸೇರಿ ಶೇ. 50 ಅಷ್ಟೇ. ಹಳೇ ಕಾಯ್ದೆಯ ಮಿತಿ ತಿಂಗಳಿಗೆ 24,000 ರೂಪಾಯಿ ಒಳಗಿನ ಸಂಬಳದವ್ರಿಗೆ ಮಾತ್ರ ಇತ್ತು, ಹೊಸದಕ್ಕೆ ಆ ಗಡಿ ಇಲ್ಲ, ಹಾಗಾಗಿ ದೊಡ್ಡ ಸಾಲ ಕೊಡೋ ಸೊಸೈಟಿಗಳು ಲೆಕ್ಕ ಮತ್ತೆ ಹಾಕ್ಬೇಕು. ಜೊತೆಗೆ 18ನೇ ಸೆಕ್ಷನ್‌ನ ಕೊನೇಲಿ ಒಂದು ಸಾಲು ಸೇರಿಸಿದಾರೆ: ಮಾಲೀಕರು ಸಂಬಳದಲ್ಲಿ ಮುರಿದ ಹಣವನ್ನ ಕಾನೂನು ಪ್ರಕಾರ ಕಟ್ಟಬೇಕಾದ ಖಾತೆಗೆ ಕಟ್ಟದೇ ಇದ್ರೆ, ಆ ತಪ್ಪಿಗೆ ನೌಕರ ಹೊಣೆ ಅಲ್ಲ. ಟ್ರಸ್ಟ್, ಸರ್ಕಾರಿ ನಿಧಿ ಅಂತ ಹೇಳಿ ‘ಬೇರೆ ಯಾವುದೇ ಖಾತೆ’ ಅಂತಾನೂ ಬರ್ದಿರೋದ್ರಿಂದ ಸೊಸೈಟಿ ಖಾತೆನೂ ಅದರೊಳಗೆ ಬರುತ್ತೆ ಅಂತಾನೇ ನಾನು ಓದ್ಕೊಳ್ತೀನಿ. ಸುಸ್ತಿ ಬಡ್ಡಿ ನೋಟಿಸ್ ಬಂದೋರು ಮುರಿದ ತಿಂಗಳುಗಳ ಪೇ ಸ್ಲಿಪ್ ಲಗತ್ತಿಸಿ, 18ನೇ ಸೆಕ್ಷನ್‌ನ ಈ ವಾಕ್ಯಾನ ಮೇಲೆ ಬರ್ದು, ಸೊಸೈಟಿಗೂ ಸಹಕಾರ ಇಲಾಖೆಯ ಸಹಾಯಕ ನಿಬಂಧಕರಿಗೂ ಒಂದೊಂದು ಪ್ರತಿ ಕೊಟ್ಟು ಸ್ವೀಕೃತಿ ಸೀಲ್ ಹಾಕಿಸ್ಕೊಳ್ಳಿ.